ಮರಳಿನ ನಿಮಿಷ

ಗಡಿಯಾರದಲ್ಲಿ ಮರಳು ಮತ್ತೆ ಸಿಕ್ಕಿಕೊಂಡಿತು. ಹೆಂಡತಿ ಅವನ ಮಣಿಕಟ್ಟು ಬಿಡದೆ ಎಡಗೈ ಉಗುರಿನಿಂದ ಗಾಜಿನ ನೆತ್ತಿಗೆ ಟಕ್ಕೆಂದು ತಟ್ಟಿದಳು. ಮರಳು ಇಳಿಯತೊಡಗಿತು. ಅವಳ ತುಟಿ ಮಾತ್ರ ನಡುವೆ ಎಲ್ಲೂ ನಿಂತಿರಲಿಲ್ಲ. ಮೂವತ್ತೆಂಟು, ಮೂವತ್ತೊಂಬತ್ತು ಎಂದು ಸದ್ದಿಲ್ಲದೆ ಆಡುತ್ತಲೇ ಇತ್ತು.

ಅವನು ಆ ತುಟಿಯನ್ನು ನೋಡುತ್ತ ಕೂತಿದ್ದ. ಮದುವೆಯಾಗಿ ಇಪ್ಪತ್ತೆಂಟು ವರ್ಷವಾದ ಗಂಡ ಹೆಂಡತಿಯ ತುಟಿಯನ್ನು ದಿನಕ್ಕೆ ಎರಡು ಸಲ ಇಷ್ಟು ಗಮನವಿಟ್ಟು ನೋಡುವುದು ಎಲ್ಲ ಮನೆಯಲ್ಲೂ ನಡೆಯುವ ಸಂಗತಿಯಲ್ಲ. ಆದರೆ ನೋಡಿದ್ದರಿಂದ ಅವನಿಗೆ ಏನೂ ಆಗುತ್ತಿರಲಿಲ್ಲ. ಎದುರು ಮನೆಯ ಬಟ್ಟೆ ಒಣಗುವುದನ್ನು ನೋಡಿದ ಹಾಗೆ ನೋಡುತ್ತಿದ್ದ.

“ಐವತ್ತಾರು,” ಎಂದಳು. ಮರಳು ಮುಗಿದಿತ್ತು. ಕೈ ಬಿಟ್ಟಳು.

ಅವಳು ಮನೆಯಲ್ಲೇ ಬಟ್ಟೆ ಹೊಲಿಯುವವಳು. ಅಳತೆ ಕತ್ತರಿಸುವ ಕಂದು ಕಾಗದದ ಒಂದು ಹಾಳೆಯನ್ನು ಕಪಾಟಿನ ಬಾಗಿಲ ಒಳಬದಿಗೆ ಅಂಟಿಸಿದ್ದಳು. ಅದರಲ್ಲಿ ತಾರೀಖು, ಬೆಳಗ್ಗೆ, ಸಂಜೆ ಎಂದು ಮೂರು ಕಾಲಂ. ಕಿವಿಯ ಹಿಂದೆ ಸಿಕ್ಕಿಸಿದ್ದ ಪೆನ್ಸಿಲ್ ತೆಗೆದು ಐವತ್ತಾರು ಎಂದು ಬರೆದಳು. ಮೂರು ತಿಂಗಳಿಂದ ಆ ಹಾಳೆಯಲ್ಲಿ ಐವತ್ತೈದು, ಐವತ್ತೇಳು, ಐವತ್ತಾರು. ಐವತ್ತಕ್ಕಿಂತ ಕೆಳಗಿನದು ಒಂದೂ ಇರಲಿಲ್ಲ.

ಹಾಳೆಯ ತಲೆಗೆ, ಮೂರು ತಿಂಗಳ ಹಿಂದೆ ಅವನ ಎದೆಬಡಿತ ಇಳಿಸಲು ಮಾತ್ರೆ ಬರೆದುಕೊಟ್ಟ ಡಾಕ್ಟರ್ ಹೇಳಿದ್ದನ್ನು ತನ್ನ ದುಂಡಗಿನ ಅಕ್ಷರದಲ್ಲಿ ಬರೆದಿದ್ದಳು. ಮಾತ್ರೆಗೆ ಮುಂಚೆ ಪೂರ್ತಿ ಒಂದು ನಿಮಿಷ ನಾಡಿ ಎಣಿಸಬೇಕು. ಐವತ್ತಕ್ಕಿಂತ ಕಮ್ಮಿ ಇದ್ದರೆ ಮಾತ್ರೆ ಕೊಡಬಾರದು, ಫೋನ್ ಮಾಡಬೇಕು. ಒಂದು ಹೊತ್ತು ಮರೆತರೆ ಮುಂದಿನ ಹೊತ್ತಿಗೆ ಎರಡು ಕೊಡಬಾರದು. ಎಷ್ಟೇ ಚೆನ್ನಾಗಿದ್ದರೂ ತಾವಾಗಿ ನಿಲ್ಲಿಸಬಾರದು. ಈ ಕೊನೆಯದರ ಕೆಳಗೆ ಎರಡು ಗೆರೆ ಎಳೆದಿದ್ದಳು. ಥಟ್ಟನೆ ನಿಲ್ಲಿಸಿದರೆ ಹಗ್ಗ ಬಿಚ್ಚಿದ ಕುದುರೆಯ ಹಾಗೆ ಎದೆ ಓಡುತ್ತದೆ ಎಂದು ಡಾಕ್ಟರ್ ಅವಳನ್ನೇ ನೋಡಿ ಹೇಳಿದ್ದರು. ಗಂಡನ ಮುಖ ನೋಡಿ, ಇವರಿಗೆ ಹೇಳಿ ಪ್ರಯೋಜನವಿಲ್ಲ ಎಂದು ಅವರಿಗೆ ಅನ್ನಿಸಿರಬೇಕು.

ತಿಂಡಿಯಾದ ಮೇಲೆ ಮಾತ್ರೆಯನ್ನು ಅವನ ಅಂಗೈಯಲ್ಲಿಟ್ಟಳು. ಬಿಳಿ, ದುಂಡಗೆ, ನಡುವೆ ಒಂದು ಗೀಟು. ನುಂಗಿದ. ಎದ್ದ.

“ನಿಧಾನ ಏಳಿ ಅಂತ ಎಷ್ಟು ಸಲ ಹೇಳ್ಲಿ?”

“ನಿಧಾನಾನೇ ಎದ್ದೆ.”

ಮೇಜಿನ ಅಂಚು ಹಿಡಿದು ನಿಂತ. ಕಣ್ಣಿಗೆ ಕತ್ತಲೆ ಕಟ್ಟಿ ಬಿಟ್ಟಿತು. ಇದು ಈಚೆಗೆ ಹೇಳದೆ ಕೇಳದೆ ಬಂದುಹೋಗುವ ನೆಂಟನ ಹಾಗೆ ಆಗಿತ್ತು. ಅವನು ಯಾರಿಗೂ ಹೇಳಿರಲಿಲ್ಲ.

ಹೇಳದೆ ಇದ್ದದ್ದು ಇನ್ನೂ ಇತ್ತು. ಬೆರಳ ತುದಿ ಸದಾ ತಣ್ಣಗೆ. ಮೆಟ್ಟಿಲು ಹತ್ತಿದರೆ ಕಾಲಿಗೆ ತೂಕದ ಕಲ್ಲು ಕಟ್ಟಿದಂತೆ. ಹೋದ ತಿಂಗಳು ಮಗಳು ತನ್ನ ಕೂಸನ್ನು ಕರೆತಂದಿದ್ದಳು. ಕೂಸು ಮೊದಲ ಸಲ ನಾಲ್ಕು ಹೆಜ್ಜೆ ಇಟ್ಟು ಅಜ್ಜನ ಮೊಣಕಾಲಿಗೆ ಬಂದು ಡಿಕ್ಕಿ ಹೊಡೆಯಿತು. ಎಲ್ಲರೂ ಚಪ್ಪಾಳೆ ತಟ್ಟಿದರು. ಅವನೂ ತಟ್ಟಿದ. ತಟ್ಟುತ್ತಿರುವ ಕೈ ಯಾರದೋ ಅನ್ನಿಸಿತು. ಕಚೇರಿಯಲ್ಲಿ ಇಪ್ಪತ್ತು ವರ್ಷ ಎದುರು ಮೇಜಿಗೆ ಕೂತಿದ್ದವನು ತೀರಿಕೊಂಡಾಗ ಆ ಖಾಲಿ ಜಾಗ ನೋಡಿ, ಇನ್ನು ಮೇಲೆ ಗಾಳಿ ಚೆನ್ನಾಗಿ ಬರುತ್ತದೆ ಎಂದುಕೊಂಡ.

ಮೊದಮೊದಲು ಹೆದರಿದ್ದ. ಆಮೇಲೆ ಇದೇ ವೈರಾಗ್ಯವಿರಬೇಕು ಎಂದು ತೀರ್ಮಾನಿಸಿದ. ಗ್ರಂಥಾಲಯದ ಮಾರಾಟದಲ್ಲಿ ದಪ್ಪನೆಯ ತತ್ತ್ವಶಾಸ್ತ್ರದ ಪುಸ್ತಕ ತಂದು, ಸ್ಕೇಲು ಇಟ್ಟು ಸಾಲುಗಳ ಕೆಳಗೆ ಗೆರೆ ಎಳೆದ. ಮಮಕಾರ ಕಳಚಿದವನಿಗೆ ಎಲ್ಲವೂ ದೂರದಿಂದ ಕಾಣುತ್ತದೆಯಂತೆ. ತನಗೂ ಹಾಗೇ ಕಾಣುತ್ತಿತ್ತು. ಒಳಗೊಳಗೇ ಹೆಮ್ಮೆಯಾಯಿತು. ಆ ಹೆಮ್ಮೆಯೊಂದು ಮಾತ್ರ ದೂರದಿಂದ ಕಾಣುತ್ತಿರಲಿಲ್ಲ.

ಅವನು ತೂಕ ಮತ್ತು ಅಳತೆ ಇಲಾಖೆಯಲ್ಲಿ ಇನ್‌ಸ್ಪೆಕ್ಟರ್. ಅಂಗಡಿಯ ತಕ್ಕಡಿ, ಹಾಲಿನ ಅಳತೆ, ಬಟ್ಟೆ ಅಳೆಯುವ ಮೀಟರ್ ಕೋಲು, ಟ್ಯಾಕ್ಸಿಯ ಮೀಟರ್, ಎಲ್ಲಕ್ಕೂ ವರ್ಷಕ್ಕೊಮ್ಮೆ ಅವನ ಮುದ್ರೆ ಬೀಳಬೇಕು. ಗುಲಗಂಜಿಯಷ್ಟು ವ್ಯತ್ಯಾಸವನ್ನೂ ಬಿಡದವನೆಂದು ಅಂಗಡಿಯವರು ಅವನಿಗೆ ಗುಲಗಂಜಿ ಸಾಹೇಬ ಎಂದು ಹೆಸರಿಟ್ಟಿದ್ದರು. ಬೆನ್ನ ಹಿಂದಿನ ಹೆಸರು ಎದುರಿಗೇ ಬರತೊಡಗಿ ಹತ್ತು ವರ್ಷವಾಗಿತ್ತು.

ಇಂಥವನ ಮನೆಗೆ ನಾಡಿ ಎಣಿಸಲು ಮರಳು ಗಡಿಯಾರ ಬಂದದ್ದಕ್ಕೂ ಅವನೇ ಕಾರಣ. ಮಗಳು ಮೊದಲು ಒಂದು ಯಂತ್ರ ತಂದುಕೊಟ್ಟಿದ್ದಳು. ತೋಳಿಗೆ ಪಟ್ಟಿ ಸುತ್ತಿ ಗುಂಡಿ ಒತ್ತಿದರೆ ರಕ್ತದೊತ್ತಡ, ನಾಡಿ ಎರಡನ್ನೂ ಹೇಳುವಂಥದ್ದು. ಅವನು ಒಂದರ ಹಿಂದೆ ಒಂದು ಮೂರು ಸಲ ಒತ್ತಿದ. ಮೂರು ಬೇರೆ ಬೇರೆ ಅಂಕಿ ಬಂದವು. ನಂಬಲರ್ಹವಲ್ಲ ಎಂದು ಚೀಟಿ ಬರೆದು ಡಬ್ಬಿಯೊಳಗಿಟ್ಟು ವಾಪಸು ಕಳಿಸಿದ. ಮನುಷ್ಯನ ಎದೆಯೇ ಮೂರು ಸಲ ಮೂರು ಥರ ಇರಬಹುದೆಂದು ಅವನಿಗೆ ಹೊಳೆಯಲಿಲ್ಲ.

ಗೋಡೆ ಗಡಿಯಾರದ ಮುಳ್ಳು ನೋಡುತ್ತ ಎಣಿಸಿದರೆ ಹೆಂಡತಿಗೆ ಲೆಕ್ಕ ತಪ್ಪುತ್ತಿತ್ತು. ಕಣ್ಣಿಗೆ ಬೇರೆ ಕೆಲಸ ಕೊಟ್ಟರೆ ಬೆರಳು ಮರೆತುಬಿಡುತ್ತದೆ ಎಂದಳು. ಹುಡುಕಿದಾಗ ಅಟ್ಟದಲ್ಲಿ ಮಗಳ ಚಿಕ್ಕಂದಿನ ಆಟದ ಪೆಟ್ಟಿಗೆ ಸಿಕ್ಕಿತು. ಕಾಯಿಗಳೆಲ್ಲ ಕಳೆದು ಹೆಬ್ಬೆರಳುದ್ದದ ಮರಳು ಗಡಿಯಾರವೊಂದು ಉಳಿದಿತ್ತು. ಪೆಟ್ಟಿಗೆಯ ಮುಚ್ಚಳದ ಮೇಲೆ ಒಂದು ನಿಮಿಷ ಎಂದು ಅಚ್ಚಾಗಿತ್ತು. ಮರಳು ಮುಗಿದದ್ದು ಕಣ್ಣಂಚಿಗೇ ಗೊತ್ತಾಗುತ್ತದೆ. ಅವಳಿಗೆ ಅದು ಒಗ್ಗಿತು.

ಅದನ್ನು ಅವನು ಒಂದು ಸಲವೂ ಪರೀಕ್ಷಿಸಲಿಲ್ಲ. ಮರೆತದ್ದಲ್ಲ, ಬೇಕೆಂದೇ ಬಿಟ್ಟದ್ದು.

ಮದುವೆಯಾದ ಹೊಸತರಲ್ಲಿ ಅವಳು ತನ್ನ ತಾಯಿಯ ಟೇಪು ತಂದಿದ್ದಳು, ಹಳದಿ ಬಣ್ಣದ ಬಟ್ಟೆಯ ಟೇಪು. ಅವನಿಗೆ ಆಗ ಕೆಲಸವೂ ಹೊಸತು. ಇಲಾಖೆಯ ಉಕ್ಕಿನ ಪಟ್ಟಿಯನ್ನು ಪಕ್ಕದಲ್ಲಿಟ್ಟು ನೋಡಿದ. ವರ್ಷಗಟ್ಟಲೆ ಎಳೆದು ಎಳೆದು ಟೇಪು ಅರ್ಧ ಇಂಚು ಉದ್ದವಾಗಿತ್ತು. ಸುಳ್ಳು ಅಳತೆ ಸಿಕ್ಕಿದರೆ ಇಲಾಖೆಯವರು ಏನು ಮಾಡುತ್ತಾರೋ ಅದನ್ನೇ ಮಾಡಿದ. ಅವಳದೇ ಕತ್ತರಿ ತೆಗೆದುಕೊಂಡು ನಡುವೆ ಕತ್ತರಿಸಿದ. ನಿನ್ನ ಹೊಲಿಗೆ ಸರಿಯಾಗೇ ಇದೆ, ಟೇಪು ತಪ್ಪು, ಅಷ್ಟೇ ಎಂದು ಸಮಾಧಾನವನ್ನೂ ಹೇಳಿದ.

ಅದೇ ಟೇಪಿನಲ್ಲಿ ಮೈ ಅಳೆದು ಅದೇ ಟೇಪಿನಲ್ಲಿ ಬಟ್ಟೆ ಕತ್ತರಿಸಿದರೆ ತಪ್ಪು ಎಲ್ಲಿಂದ ಬಂತು ಎಂದು ಅವಳು ಒಂದೇ ಒಂದು ಸಲ ಕೇಳಿದಳು. ಒಂದು ವಾರ ಅವಳು ಗೇಣು ಹಾಕಿ ಹೊಲಿದಳು. ಆ ಎರಡು ತುಂಡುಗಳು ಈಗಲೂ ಮನೆಯಲ್ಲಿವೆ. ಕಾಗದದ ಅಳತೆಗಳ ಕಟ್ಟನ್ನು ಅವುಗಳಿಂದಲೇ ಬಿಗಿದಿಡುತ್ತಾಳೆ. ಅಂದಿನಿಂದ ಈ ಮನೆಯೊಳಗಿನ ಯಾವ ವಸ್ತುವನ್ನೂ ಅವನು ಅಳೆದಿರಲಿಲ್ಲ.

ಹನ್ನೊಂದಕ್ಕೆ ಇಲಾಖೆಯ ಹಿಂದಿನ ಅಂಗಳದಲ್ಲಿ ಟ್ಯಾಕ್ಸಿಗಳ ಪರೀಕ್ಷೆ ಶುರುವಾಯಿತು. ಗಾಡಿ ನಿಂತಿದ್ದಾಗ ಕಾಯುವ ಹೊತ್ತನ್ನು ಮೀಟರ್ ಸರಿಯಾಗಿ ತೋರಿಸುತ್ತದೋ ಎಂದು ನೋಡಬೇಕು. ಅದಕ್ಕೆಂದೇ ಇಲಾಖೆಯದೊಂದು ಸ್ಟಾಪ್‌ವಾಚ್ ಇದೆ. ಮೆತ್ತೆ ಹಾಕಿದ ಪೆಟ್ಟಿಗೆಯಲ್ಲಿ ಮಲಗಿರುವಂಥದ್ದು, ವರ್ಷಕ್ಕೊಮ್ಮೆ ತಾನೂ ಪರೀಕ್ಷೆಗೆ ಹೋಗಿ ಪ್ರಮಾಣಪತ್ರ ತರುವಂಥದ್ದು.

ಮೊದಲ ಗಾಡಿ ನರೆತ ಮೀಸೆಯ ಚಾಲಕನದು. ಅವನ ಪಕ್ಕದಲ್ಲಿ ಹತ್ತು ನಿಮಿಷ ಸುಮ್ಮನೆ ಕೂತಿರಬೇಕು. ಚಾಲಕ ಮೊಣಕಾಲು ನೋವಿನಿಂದ ಶುರುಮಾಡಿ, ಬಿಸಿಲು, ಸೊಸೆ, ಪೆಟ್ರೋಲು ಎಂದು ಒಂದು ಸುತ್ತು ಹೊಡೆದು, ಹ್ಞೂಂಗುಟ್ಟುವವರಿಲ್ಲದೆ ಸುಮ್ಮನಾದ.

ಸ್ಟಾಪ್‌ವಾಚ್ ತೊಡೆಯ ಮೇಲೆ ಓಡುತ್ತಿತ್ತು. ಅವನು ತಣ್ಣಗಿದ್ದ ಒಂದು ಕೈಯನ್ನು ಇನ್ನೊಂದರಲ್ಲಿ ಹಿಡಿದುಕೊಂಡ. ಬೆರಳು ತಾನಾಗಿ ಮಣಿಕಟ್ಟಿಗೆ ಹೋಯಿತು, ಹೆಂಡತಿ ಹಿಡಿಯುವ ಜಾಗಕ್ಕೆ. ಎಣಿಸಬೇಕೆಂದು ಎಣಿಸಿದ್ದಲ್ಲ, ಎಣಿಸುವುದು ಅವನ ಹೊಟ್ಟೆಪಾಡು. ಅರವತ್ತು ಸೆಕೆಂಡಿಗೆ ನಲವತ್ನಾಲ್ಕು ಬಂತು.

ತಪ್ಪಿರಬೇಕು. ನಿಯಮದಂತೆ ಇನ್ನೆರಡು ಸಲ ಎಣಿಸಿದ. ನಲವತ್ಮೂರು. ನಲವತ್ತೈದು. ಸರಾಸರಿ ನಲವತ್ನಾಲ್ಕು.

ಹೆದರಿಕೆ ಬರಲಿ ಎಂದು ಕಾದ. ಬರಲಿಲ್ಲ. ಬಂದದ್ದು ಶಾಲೆಯ ತ್ರೈರಾಶಿ. ಬೆಳಗ್ಗೆ ಐವತ್ತಾರು, ಈಗ ನಲವತ್ನಾಲ್ಕು. ಹೆಂಡತಿಯ ಬೆರಳು ತಪ್ಪುವಂಥದ್ದಲ್ಲ. ಒಂದೋ ಮೂರು ಗಂಟೆಯಲ್ಲಿ ತನ್ನ ಎದೆ ಬದಲಾಗಿದೆ, ಇಲ್ಲವೋ ಮನೆಯಲ್ಲಿ ಒಂದು ನಿಮಿಷ ಒಂದು ನಿಮಿಷವಲ್ಲ. ಮರಳು ಸಿಕ್ಕಿಕೊಳ್ಳುವುದು, ಅವಳು ತಟ್ಟುವುದು, ತುಟಿ ಮಾತ್ರ ನಿಲ್ಲದೆ ಎಣಿಸುವುದು. ಮೂರು ತಿಂಗಳಿಂದ ದಿನಕ್ಕೆರಡು ಸಲ ಇದೆಲ್ಲ ಅವನ ಕಣ್ಣೆದುರೇ ನಡೆದಿತ್ತು. ದೀಪದ ಬುಡದಲ್ಲಿ ಕತ್ತಲೆ ಎಂಬ ಗಾದೆಯನ್ನು ಅವನು ಎಷ್ಟೋ ಅಂಗಡಿಯವರಿಗೆ ಹೇಳಿದ್ದ.

ಗಾಡಿಯಿಂದ ಇಳಿಯಲು ಹೋದ. ಅಂಗಳ ಒಂದು ಸುತ್ತು ತಿರುಗಿತು. ಬಾಗಿಲು ಹಿಡಿದು ನಿಂತ.

“ಸಾಹೇಬ್ರೇ, ಮುಖ ಬಿಳಿಚಿಕೊಂಡಿದೆ,” ಎಂದ ಚಾಲಕ. “ಕೂತ್ಕೊಳ್ಳಿ. ಎಲ್ಲಿಗೆ ಬಿಡ್ಲಿ ಹೇಳಿ.”

“ಮೀಟರ್‌ಗೆ ಇನ್ನೂ ಸೀಲ್ ಹಾಕಿಲ್ಲ.”

“ಸೀಲಿಲ್ಲದ ಗಾಡೀಲಿ ನೀವೇ ಕೂತಿರ್ತೀರಿ. ಕೇಸು ಯಾರ ಮೇಲೆ ಹಾಕ್ತೀರಿ?”

ಅವನು ಕೂತ. ಸ್ಟಾಪ್‌ವಾಚನ್ನು ಪೆಟ್ಟಿಗೆಯಲ್ಲಿಡಲಿಲ್ಲ, ರಿಜಿಸ್ಟರಿನಲ್ಲಿ ಬರೆಯಲಿಲ್ಲ. ಜೇಬಿಗೆ ಹಾಕಿಕೊಂಡ. ಇಪ್ಪತ್ತೊಂಬತ್ತು ವರ್ಷದ ನೌಕರಿಯಲ್ಲಿ ಇಂಥದ್ದು ಇದೇ ಮೊದಲು.

ಡಾಕ್ಟರ್ ಅವನ ಮಗಳಿಗಿಂತ ನಾಲ್ಕೈದು ವರ್ಷಕ್ಕೆ ದೊಡ್ಡವರಿರಬಹುದು. ಇಸಿಜಿ ತೆಗೆಸಿ, ಆ ಉದ್ದನೆಯ ಕಾಗದವನ್ನು ಎರಡು ಕೈಯಲ್ಲಿ ಎಳೆದು ಹಿಡಿದು ನೋಡಿದರು. ಬಡಿತದ ಜಾಡು ಸರಿಯಾಗೇ ಇದೆ, ನಿಧಾನ ಮಾತ್ರ ಅತಿಯಾಗಿದೆ ಎಂದರು. ಬೀಟಾ ಬ್ಲಾಕರ್ ಮಾತ್ರೆಯ ಕೆಲಸವೇ ಎದೆಯ ಓಟಕ್ಕೆ ಕಡಿವಾಣ ಹಾಕುವುದು; ನಿಮಗೆ ಕಡಿವಾಣ ಬಿಗಿಯಾಗಿದೆ. ತಲೆ ಸುತ್ತುತ್ತದೆಯೇ ಎಂದು ಕೇಳಿದರು. ಹೌದು. ಬೆರಳು ತಣ್ಣಗಾಗುತ್ತದೆಯೇ? ಹೌದು. ಸುಸ್ತು? ಅದೂ ಹೌದು. ಮತ್ತೆ ಯಾಕೆ ಹೇಳಲಿಲ್ಲ ಎಂದರು. ನಾನಿರುವುದೇ ಹೀಗೆ ಎಂದುಕೊಂಡಿದ್ದೆ ಎಂದು ಹೇಳಲು ಹೋಗಿ, ವಯಸ್ಸಾಯಿತು ಎಂದುಕೊಂಡಿದ್ದೆ ಎಂದ.

“ಮನೇಲಿ ನಾಡಿ ಎಣಿಸ್ತಿದ್ದೀರಾ?”

“ಎಣಿಸ್ತೀವಿ.”

“ಏನು ನೋಡ್ಕೊಂಡು?”

“ಗಡಿಯಾರ.”

ಅವರು ಪೆನ್ನು ಕೈಗೆತ್ತಿಕೊಂಡರು. ಇವತ್ತು ಸಂಜೆಯಿಂದ ಅರ್ಧ ಮಾತ್ರೆ ಎಂದು ಬರೆದರು. ನಡುವೆ ಗೀಟಿರುವ ಮಾತ್ರೆಯಾದ್ದರಿಂದ ಅರ್ಧ ಮಾಡಬಹುದು, ಎಲ್ಲ ಮಾತ್ರೆಯನ್ನೂ ಹಾಗೆ ಮಾಡಬಾರದು ಎಂದರು. ಅದಕ್ಕೂ ಮುಂಚೆ ಸರಿಯಾದ ಗಡಿಯಾರ ಇಟ್ಟುಕೊಂಡು ಎಣಿಸಬೇಕು. ಐವತ್ತಿಲ್ಲದಿದ್ದರೆ ಅರ್ಧವೂ ಬೇಡ, ತಮಗೆ ಫೋನ್ ಮಾಡಬೇಕು. ಹೆದರಿ ಎಲ್ಲವನ್ನೂ ನಿಲ್ಲಿಸಿಬಿಡಬೇಡಿ, ಇಳಿಸುವುದಿದ್ದರೆ ನಾನು ಹೇಳಿದ ಹಾಗೆ ಮೆಟ್ಟಿಲು ಮೆಟ್ಟಿಲಾಗಿ ಇಳಿಸೋಣ ಎಂದು ಬೆರಳಲ್ಲಿ ಮೆಟ್ಟಿಲು ಮಾಡಿ ತೋರಿಸಿದರು.

ಅವನು ಎದ್ದವನು ಮತ್ತೆ ಕೂತ.

“ಡಾಕ್ಟ್ರೇ, ಈ ಮಾತ್ರೆಯಿಂದ ಮನಸ್ಸೂ ಮಂಕಾಗುತ್ತಾ? ಯಾವುದೂ ತಟ್ಟದ ಹಾಗೆ?”

“ಕೆಲವರಿಗೆ ಹಾಗಾಗಬಹುದು. ನಿಮಗೆ ಎಷ್ಟು ದಿನದಿಂದ?”

ಮೂರು ತಿಂಗಳಿಂದ ಎನ್ನಲು ಬಾಯಿ ತೆರೆದ. ಟೇಪು ಕತ್ತರಿಸಿದ ದಿನ ತಾನು ಯಾವ ಮಾತ್ರೆ ತೆಗೆದುಕೊಂಡಿದ್ದೆ ಎಂಬ ಪ್ರಶ್ನೆ ಎಲ್ಲಿಂದಲೋ ಬಂದು ನಾಲಿಗೆಗೆ ಅಡ್ಡ ಕೂತಿತು.

“ಸರಿಯಾಗಿ ಗೊತ್ತಿಲ್ಲ,” ಎಂದ.

“ಇಳಿಸಿ ನೋಡೋಣ. ಮಾತ್ರೆಯಿಂದ ಬಂದಿದ್ದಾದ್ರೆ ಹೋಗುತ್ತೆ. ಹೋಗದಿದ್ರೆ ಬನ್ನಿ, ಮಾತಾಡೋಣ.”

ಹೊರಗೆ ಚಾಲಕ ಇನ್ನೂ ಕಾದಿದ್ದ. ಕಿಟಕಿಯಲ್ಲಿ ಬೀದಿ ಹಿಂದೆ ಸರಿಯುತ್ತಿತ್ತು. ತಾನು ಗೆರೆ ಎಳೆದು ಓದಿದ ಅಷ್ಟೂ ತತ್ತ್ವ ದಿನಕ್ಕೆ ಎರಡು ಮಾತ್ರೆಯ ಪ್ರಭಾವವೇ? ಹಾಗಿದ್ದರೆ ನಗಬೇಕು. ಹಾಗಿಲ್ಲದಿದ್ದರೆ, ಮಾತ್ರೆ ಇಳಿಸಿದ ಮೇಲೂ ಕೂಸಿನ ಹೆಜ್ಜೆಗೆ ತಟ್ಟುವ ಕೈ ಯಾರದೋ ಆಗಿಯೇ ಉಳಿದರೆ? ಆಗ ದೂರಲು ಮಾತ್ರೆಯೂ ಇರುವುದಿಲ್ಲ. ಅವನಿಗೆ ಕಾಯಿಲೆಗಿಂತ ವಾಸಿಯಾಗುವುದರ ಭಯವೇ ಹೆಚ್ಚಾಯಿತು. ಭಯವಾಯಿತಲ್ಲ ಎಂದು ಒಂದು ಕ್ಷಣ ಸಂತೋಷವೂ ಆಯಿತು.

ಮನೆ ಸೇರುವಷ್ಟರಲ್ಲಿ ಅಳೆದು ಸುರಿದು ಒಂದು ಉಪಾಯ ಮಾಡಿದ್ದ. ಮರಳು ಗಡಿಯಾರ ಕೈಜಾರಿ ಒಡೆಯಬೇಕು. ಅಯ್ಯೋ ಎನ್ನಬೇಕು. ನಾಳೆಯೇ ಮಗಳಿಗೆ ಹೇಳಿ ಆ ಯಂತ್ರವನ್ನು ಮತ್ತೆ ತರಿಸಬೇಕು. ಡಾಕ್ಟರ್ ಸುಮ್ಮನೆ ಮಾತ್ರೆ ಇಳಿಸಿದರು ಎನ್ನಬೇಕು. ಮೂರು ತಿಂಗಳು ತಾನು ತಪ್ಪಾಗಿ ಎಣಿಸಿ, ಕೊಡಬಾರದ ಮಾತ್ರೆಯನ್ನು ಕೈಯಾರೆ ಕೊಟ್ಟೆ ಎಂಬುದು ಅವಳಿಗೆ ಎಂದೂ ತಿಳಿಯಬಾರದು. ಇಪ್ಪತ್ತೆಂಟು ವರ್ಷಕ್ಕೆ ಒಂದು ಸುಳ್ಳು ಹೆಚ್ಚಲ್ಲ.

ಹೆಂಡತಿ ಮುಂದಿನ ಕೋಣೆಯಲ್ಲಿ ಹೊಲಿಯುತ್ತಿದ್ದಳು. ಇಷ್ಟು ಬೇಗ ಯಾಕೆ ಎಂದಳು. ಕೆಲಸ ಬೇಗ ಮುಗಿಯಿತು ಎಂದು ಒಳಗೆ ಹೋದ. ಅಡುಗೆಮನೆಯ ಮೇಜಿನ ಮೇಲೆ ಗಡಿಯಾರ ತನ್ನ ಜಾಗದಲ್ಲಿತ್ತು, ಎರಡು ಮರದ ಬಿಲ್ಲೆಗಳ ನಡುವೆ ಸೊಂಟ ಸಣ್ಣಗಾದ ಗಾಜು. ಕೈಗೆತ್ತಿಕೊಂಡ. ನೆಲ ಕಲ್ಲಿನದು. ಬಿಟ್ಟರೆ ಸಾಕಿತ್ತು.

ಆದರೆ ಅಳೆಯದೆ ಒಡೆಯುವುದು ಅವನಿಂದ ಆಗುವಂಥದ್ದಲ್ಲ. ಒಂದೇ ಸಲ ಎಂದುಕೊಂಡ. ಜೇಬಿನಿಂದ ಸ್ಟಾಪ್‌ವಾಚ್ ತೆಗೆದ, ಗಡಿಯಾರ ತಿರುಗಿಸಿಟ್ಟ, ಗುಂಡಿ ಒತ್ತಿದ. ನಡುವೆ ಒಮ್ಮೆ ಮರಳು ಸಿಕ್ಕಿಕೊಂಡಿತು. ಅವಳು ತಟ್ಟುವ ಹಾಗೆಯೇ ತಟ್ಟಿದ. ಎಪ್ಪತ್ತಾರು ಸೆಕೆಂಡು. ನಿಯಮದಂತೆ ಮತ್ತೊಂದು ಸಲ. ಎಪ್ಪತ್ತೈದು. ಮೂರನೆಯ ಸಲಕ್ಕೆ ತಿರುಗಿಸುವಾಗ ಹೊಲಿಗೆ ಯಂತ್ರದ ಸದ್ದು ನಿಂತು ಎಷ್ಟೋ ಹೊತ್ತಾಗಿದೆ ಎಂದು ಹೊಳೆಯಿತು.

ಅವಳು ಬಾಗಿಲಲ್ಲಿ ನಿಂತಿದ್ದಳು. ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡಿದ್ದಳು. ಒಂದೊಂದಾಗಿ ತೆಗೆದು ಸೆರಗಿಗೆ ಚುಚ್ಚಿಕೊಂಡಳು.

“ಎಷ್ಟು?”

ಅವನಿಗೆ ಸುಳ್ಳು ನೆನಪಾಗಲಿಲ್ಲ. “ಎಪ್ಪತ್ತಾರು,” ಎಂದ.

“ಅರವತ್ತಿರ್ಬೇಕಿತ್ತು.”

“ಹೌದು.”

ಅವಳು ಕಪಾಟಿನ ಬಾಗಿಲು ತೆರೆದು ಹಾಳೆಯ ಮುಂದೆ ನಿಂತಳು. “ಬೆಳಗ್ಗೆ ಐವತ್ತಾರು ಬರ್ದಿದ್ದೀನಿ. ಅದು ಎಷ್ಟು?”

“ನಲವತ್ನಾಲ್ಕು. ಮಧ್ಯಾಹ್ನ ಡಾಕ್ಟರ ಹತ್ರ ಹೋಗಿ ಬಂದೆ. ಏನೂ ಆಗಿಲ್ಲ. ಅರ್ಧ ಮಾಡಿದ್ದಾರೆ.”

ಅವಳು ಹಾಳೆಯನ್ನು ಮೇಲಿಂದ ಕೆಳಗೆ ಬೆರಳಾಡಿಸಿ ನೋಡಿದಳು. ಮೂರು ತಿಂಗಳ ಬೆಳಗ್ಗೆ, ಮೂರು ತಿಂಗಳ ಸಂಜೆ. ತಲೆಯಲ್ಲಿ ಬರೆದದ್ದನ್ನು ಓದಿದಳು, ಐವತ್ತಕ್ಕಿಂತ ಕಮ್ಮಿ ಇದ್ದರೆ ಮಾತ್ರೆ ಕೊಡಬಾರದು.

“ನನ್ನ ಕೈಯಾರೆ ಕೊಟ್ಟೆ,” ಎಂದಳು. “ನಿಮಗೇನಾದ್ರೂ ಆಗಿದ್ರೆ?”

“ನಿನ್ನ ಎಣಿಕೆ ಸರಿಯಾಗೇ ಇತ್ತು. ಗಡಿಯಾರ ತಪ್ಪು, ಅಷ್ಟೇ.”

“ಆವತ್ತೂ ಹೀಗೇ ಅಂದಿದ್ರಿ.”

ಅವನು ಸ್ಟಾಪ್‌ವಾಚನ್ನು ಮತ್ತೆ ಜೇಬಿಗೆ ಹಾಕಿಕೊಂಡ.

“ಕತ್ತರಿ ತಂದ್ಕೊಡ್ಲಾ?”

ಅದರಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಸುಲಭವಾಗುತ್ತಿತ್ತು. ಬೇಡ ಎಂದ. ಇಪ್ಪತ್ತೆಂಟು ವರ್ಷದ ಹಿಂದೆ ಹೇಳಬೇಕಾಗಿದ್ದ ಮಾತು ಗಂಟಲವರೆಗೆ ಬಂತು. ಆವತ್ತು ನಾನು ಕತ್ತರಿಸಬಾರದಿತ್ತು ಎಂಬುದು, ಎಣಿಸಿದರೆ ಮೂರೇ ಶಬ್ದ. ಅವನು ಹೇಳಿದ. ಸಣ್ಣಗೆ, ಮೇಜಿಗೆ ಹೇಳಿದ ಹಾಗೆ ಹೇಳಿದ. ಅವಳು ಕೇಳಿಸಿಕೊಂಡಳೋ ಇಲ್ಲವೋ ತಿಳಿಯಲಿಲ್ಲ. ಒಲೆಯ ಮೇಲೆ ಹಾಲು ಇಟ್ಟಿದ್ದೇನೆ ಎಂದು ಆ ಕಡೆ ತಿರುಗಿದಳು. ಒಲೆ ಉರಿಯುತ್ತಿರಲಿಲ್ಲ.

ಸಂಜೆಯವರೆಗೆ ಇಬ್ಬರೂ ಮನೆಯಲ್ಲಿದ್ದರು. ಅವಳು ಹೊಲಿದಳು, ಹೊಲಿದದ್ದನ್ನು ಬಿಚ್ಚಿದಳು, ಮತ್ತೆ ಹೊಲಿದಳು. ನಡುವೆ ಎರಡು ಸಲ ಎದ್ದು ಬಂದು, ನೀರು ಬೇಕಾ ಎಂದು ಕೇಳಿದಳು. ಎರಡು ಸಲವೂ ಬೇಡ ಎಂದ. ಎರಡು ಸಲವೂ ತಂದಿಟ್ಟಳು. ಒಮ್ಮೆ ಅವನು ಕೂತಲ್ಲೇ ಕಣ್ಣು ಮುಚ್ಚಿದ್ದಾಗ ಮೂಗಿನ ಹತ್ತಿರ ಯಾರೋ ಬಗ್ಗಿದ ಹಾಗಾಯಿತು. ಕಣ್ಣು ತೆರೆಯಲಿಲ್ಲ. ಉಸಿರನ್ನು ಸ್ವಲ್ಪ ಜೋರಾಗಿ ಬಿಟ್ಟ, ಅವಳಿಗೆ ಕೇಳಿಸಲಿ ಎಂದು.

ಏಳಕ್ಕೆ ಅವಳು ಮಾತ್ರೆಯ ಗೀಟಿನ ಮೇಲೆ ಚಾಕು ಇಟ್ಟು ಒತ್ತಿದಳು. ಸರಿಯಾಗಿ ಎರಡು ಪಾಲು. ಒಂದನ್ನು ತಟ್ಟೆಯ ಪಕ್ಕದಲ್ಲಿಟ್ಟು, ಎದುರಿಗೆ ಕುರ್ಚಿ ಎಳೆದು ಕೂತಳು. ಅವನು ಸ್ಟಾಪ್‌ವಾಚ್ ಅವಳ ಕೈಗೆ ಕೊಟ್ಟು ಎಲ್ಲಿ ಒತ್ತಬೇಕೆಂದು ತೋರಿಸಿದ. ಅರವತ್ತು ಸೆಕೆಂಡಾದ ಕೂಡಲೇ ಅದೇ ಕೂಗುತ್ತದೆ, ನೋಡುವ ಕೆಲಸವಿಲ್ಲ ಎಂದ. ಸರ್ಕಾರದ್ದಾ ಎಂದು ಕೇಳಿದಳು. ಹೌದು, ನಾಳೆ ವಾಪಸು ಇಡಬೇಕು. ಹೇಳಿ ತಂದಿರಾ ಎಂದಳು. ಇಲ್ಲ ಎಂದ. ಅವಳು ಅವನ ಮುಖವನ್ನು ಒಂದು ಸಲ ನೋಡಿದಳು, ಹೊಸಬರನ್ನು ನೋಡಿದ ಹಾಗೆ.

ಮಣಿಕಟ್ಟು ಹಿಡಿದಳು. ಗುಂಡಿ ಒತ್ತಿದಳು. ತುಟಿ ಆಡತೊಡಗಿತು. ಅವನು ತುಟಿಯನ್ನೇ ನೋಡಿದ. ಎರಡು ಎಣಿಕೆಗಳ ನಡುವೆ ಅದು ಎಷ್ಟು ಹೊತ್ತು ಕಾಯುತ್ತಿತ್ತು ಎಂಬುದು ಈಗ ಕಾಣಿಸಿತು. ಆ ಸಣ್ಣ ಯಂತ್ರ ಕೂಗಿತು. ಕೂಗಿದ್ದೇ ಅವಳು ಬೆಚ್ಚಿ ಕೈ ಬಿಟ್ಟಳು.

“ನಲವತ್ತಾರು.” ಆಮೇಲೆ, “ನಿಜವಾದ ನಿಮಿಷ ಇಷ್ಟೇನಾ?”

“ಇಷ್ಟೇ.”

“ತೀರಾ ಗಿಡ್ಡ.”

ಫೋನನ್ನು ಅವಳೇ ಮಾಡಿದಳು. ಡಾಕ್ಟರ್ ಹೇಳಿದ್ದನ್ನು ಒಂದೊಂದಾಗಿ ಗಟ್ಟಿಯಾಗಿ ಹೇಳಿಕೊಳ್ಳುತ್ತ ಹಾಳೆಯಲ್ಲಿ ಹೊಸ ಗೆರೆ ಎಳೆದು ಬರೆದಳು. ಇವತ್ತು ಸಂಜೆಯ ಮಾತ್ರೆಯೊಂದು ಬೇಡ. ನಾಳೆ ಬೆಳಗ್ಗೆ ಕರೆದುಕೊಂಡು ಬನ್ನಿ, ನೋಡಿ ಮುಂದಿನದು ಹೇಳುತ್ತೇನೆ, ನೀವಾಗಿ ಏನೂ ಮಾಡಬೇಡಿ. ತಲೆ ಸುತ್ತಿ ಬಿದ್ದರೆ, ಉಸಿರು ಕಟ್ಟಿದರೆ, ಬೆಳಗಾಗಲಿ ಎಂದು ಕಾಯಬೇಡಿ, ಆಸ್ಪತ್ರೆಗೆ ಹೊರಟುಬಿಡಿ. ಕೊನೆಗೆ ಅವಳು ಫೋನಿನಲ್ಲಿ ಹೇಳಿದಳು: “ಎಣಿಸಿದ್ದು ನಾನೇ, ಡಾಕ್ಟ್ರೇ. ಗಡಿಯಾರ ಮರಳಿಂದು.” ಆ ಕಡೆಯಿಂದ ಏನು ಹೇಳಿದರೋ ಅವನಿಗೆ ಕೇಳಿಸಲಿಲ್ಲ. ಅವಳು ಹ್ಞೂಂ, ಹ್ಞೂಂ ಎನ್ನುತ್ತ ಮೂಗು ಒರೆಸಿಕೊಂಡಳು.

ಅರ್ಧ ಮಾತ್ರೆಗಳೆರಡನ್ನೂ ಡಬ್ಬಿಗೆ ಹಾಕಿದಳು. ಊಟದ ತಟ್ಟೆ ತೊಳೆದಳು. ಆಮೇಲೆ ಇಬ್ಬರಿಗೂ ಮಾಡಲು ಏನೂ ಉಳಿಯಲಿಲ್ಲ.

ಅವಳು ಬಂದು ಅದೇ ಕುರ್ಚಿಯಲ್ಲಿ ಕೂತಳು. ಮರಳು ಗಡಿಯಾರವನ್ನು ಹತ್ತಿರ ಎಳೆದುಕೊಂಡು ತಿರುಗಿಸಿಟ್ಟಳು. ಅವನ ಮಣಿಕಟ್ಟಿನ ಮೇಲೆ ಬೆರಳಿಟ್ಟಳು.

“ಎಣಿಸೋಕಲ್ಲ,” ಎಂದಳು.

ಅವಳ ತುಟಿ ಆಡಲಿಲ್ಲ. ಸೂಜಿ ಚುಚ್ಚಿ ಚುಚ್ಚಿ ಒರಟಾದ ಬೆರಳ ತುದಿ ಬೆಚ್ಚಗಿತ್ತು, ಅಥವಾ ತನ್ನ ಕೈ ತಣ್ಣಗಿತ್ತು. ಅವನ ಒಳಗೆ ಏನೋ ಆಯಿತು. ಇಲ್ಲ, ಆಗಲಿ ಎಂದು ತಾನು ಆಸೆಪಟ್ಟದ್ದೇ ಇರಬೇಕು. ಎರಡಕ್ಕೂ ಇರುವ ವ್ಯತ್ಯಾಸ ಹೇಳುವ ಅಳತೆ ಇಲಾಖೆಯ ಯಾವ ಪೆಟ್ಟಿಗೆಯಲ್ಲೂ ಇರಲಿಲ್ಲ. ಅವನು ಕೈ ತೆಗೆಯಲಿಲ್ಲ.

ಅರ್ಧಕ್ಕೆ ಮರಳು ಸಿಕ್ಕಿಕೊಂಡಿತು. ಮೇಲೆ ಒಂದಿಷ್ಟು, ಕೆಳಗೆ ಒಂದಿಷ್ಟು, ನಡುವೆ ಬರೀ ಗಾಜು. ಅವಳ ಎಡಗೈ ಎದ್ದು ಉಗುರು ಗಾಜಿನ ನೆತ್ತಿಯ ಹತ್ತಿರ ಹೋಯಿತು. ತಟ್ಟಲಿಲ್ಲ, ಅಲ್ಲೇ ನಿಂತಿತು. ಇನ್ನೊಂದು ಕೈಯ ಬೆರಳ ಕೆಳಗೆ ಒಂದು ಬಡಿತ ಬಂದು ಹೋಯಿತು. ಮುಂದಿನದಕ್ಕೆ ಇಬ್ಬರೂ ಕಾದು ಕೂತರು.